ಮೇಷ್ಟ್ರಾಗಲು ಯಾರು ಅರ್ಹರು?

1959ರ ಜುಲೈ 31ರಂದು ಮೈಸೂರು ವಿಶ್ವವಿದ್ಯಾನಿಲಯ ಒಂದು ಜಾಹೀರಾತು ಹೊರಡಿಸಿತು. ಆರು ಮಂದಿ ಪ್ರೊಫೆಸರುಗಳು ಮತ್ತು ಆರು ಮಂದಿ ರೀಡರುಗಳು ಬೇಕಾಗಿದ್ದಾರೆ ಎಂಬುದು ಅದರ ಸಾರಾಂಶ. ಅಭ್ಯರ್ಥಿಗಳಿಗೆ ಇರಬೇಕಾದ ಅರ್ಹತೆಗಳಲ್ಲಿ ಮೊದಲನೆಯದು ಹೀಗಿತ್ತು: ಭಾರತದ ವಿಶ್ವವಿದ್ಯಾನಿಲಯವೊಂದರ ಪ್ರಥಮ ದರ್ಜೆಯ ಅಥವಾ ‘ಹೈ ಸೆಕೆಂಡ್ ಕ್ಲಾಸ್’ ಸ್ನಾತಕೋತ್ತರ ಪದವಿ, ಇಲ್ಲವೇ ವಿದೇಶೀ ವಿಶ್ವವಿದ್ಯಾನಿಲಯದ ತತ್ಸಮಾನ ಅರ್ಹತೆ. ಅದರ ಜೊತೆಗೆ ಡಾಕ್ಟರೇಟ್ ಮಟ್ಟದ ಸಂಶೋಧನೆ ಅಥವಾ ಉನ್ನತ ಮಟ್ಟದ ಪ್ರಕಟಿತ ಕೃತಿ, ಪ್ರೊಫೆಸರಿಗೆ ಹತ್ತು ವರ್ಷ ಹಾಗೂ ರೀಡರಿಗೆ ಐದು ವರ್ಷದ ಅನುಭವ. ಕನ್ನಡ ಬಲ್ಲವರಾದರೆ ಅಪೇಕ್ಷಣೀಯ ಎಂಬ ಮಾತೂ ಇತ್ತು.

ನೋಡಲು ಸಾಧಾರಣ ಜಾಹೀರಾತು. ಆದರೆ ಅದರಲ್ಲಿದ್ದ ಎರಡು ಪದಗಳು, ‘ಹೈ’ ಮತ್ತು ‘ತತ್ಸಮಾನ’, ನಾಲ್ಕು ವರ್ಷಗಳ ಕಾಲ ನ್ಯಾಯಾಲಯಗಳನ್ನು ಸುತ್ತಿ ದೆಹಲಿಯವರೆಗೆ ಹೋದವು. ಅಂದು ಹುಟ್ಟಿದ ಪ್ರಶ್ನೆ ಇಂದಿಗೂ ಹೈಕೋರ್ಟುಗಳ ಹಜಾರಗಳಲ್ಲಿ ಓಡಾಡುತ್ತಲೇ ಇದೆ. ಸರಕಾರದ ಹಣದಲ್ಲಿ ನಡೆಯುವ ಶಾಲೆ ಕಾಲೇಜುಗಳಲ್ಲಿ ಪಾಠ ಹೇಳಲು ಯಾರು ಅರ್ಹರು, ಮತ್ತು ಅದನ್ನು ತೀರ್ಮಾನಿಸುವವರು ಯಾರು? ಈ ಅರವತ್ತು ವರ್ಷಗಳ ವ್ಯಾಜ್ಯಗಳನ್ನು ಸಾಲಾಗಿ ಇಟ್ಟು ನೋಡಿದರೆ ಒಂದು ಸಂಗತಿ ಕಣ್ಣಿಗೆ ಬೀಳುತ್ತದೆ. ಕೆಲಸ ಬೇಕಾದವರು, ಕೆಲಸ ಕೊಡುವವರು, ಕೆಲಸ ಕಳೆದುಕೊಂಡವರು ಎಲ್ಲರೂ ಕಟಕಟೆಯ ಹತ್ತಿರ ನಿಂತಿರುತ್ತಾರೆ. ಯಾರಿಗಾಗಿ ಮೇಷ್ಟ್ರು ಬೇಕೋ ಆ ಮಗು ಮಾತ್ರ ಅಲ್ಲಿಗೆ ಬಂದದ್ದು ಬಹಳ ತಡವಾಗಿ.

ಮೈಸೂರಿನ ಪ್ರಕರಣವನ್ನೇ ಮೊದಲು ನೋಡೋಣ. ಆಗ ಬೆಂಗಳೂರು ವಿಶ್ವವಿದ್ಯಾನಿಲಯ ಹುಟ್ಟಿರಲಿಲ್ಲ. ಸೆಂಟ್ರಲ್ ಕಾಲೇಜು ಮೈಸೂರು ವಿಶ್ವವಿದ್ಯಾನಿಲಯದ ಆಡಳಿತದಲ್ಲಿತ್ತು. ಅಲ್ಲಿಯ ಇಂಗ್ಲಿಷ್ ವಿಭಾಗದ ರಿಸರ್ಚ್ ರೀಡರ್ ಹುದ್ದೆಗೆ ಎಚ್.ಎಚ್. ಅಣ್ಣಯ್ಯಗೌಡರು ನೇಮಕಗೊಂಡರು. ಮುಂದೆ ‘ಲಿಟರರಿ ಹಾಫ್ ಇಯರ್ಲಿ’ ಪತ್ರಿಕೆಯನ್ನು ಬಹುಕಾಲ ನಡೆಸಿ ಇಂಗ್ಲಿಷ್ ಸಾಹಿತ್ಯ ವಲಯದಲ್ಲಿ ಹೆಸರಾದವರು ಇವರೇ. ಸಿ.ಡಿ. ಗೋವಿಂದರಾವ್ ಎಂಬವರು ಈ ನೇಮಕವನ್ನು ಪ್ರಶ್ನಿಸಿ ಮೈಸೂರು ಹೈಕೋರ್ಟಿಗೆ ಹೋದರು. ಗೌಡರು ಯಾವ ಅಧಿಕಾರದ ಮೇಲೆ ಆ ಹುದ್ದೆಯಲ್ಲಿದ್ದಾರೆ ಎಂದು ಕೇಳುವ ‘ಕೋ ವಾರಂಟೊ’ ರಿಟ್ ಬೇಕು ಎಂಬುದು ಒಂದು ಕೋರಿಕೆ. ಆ ಹುದ್ದೆಗೆ ತಮ್ಮನ್ನೇ ನೇಮಿಸುವಂತೆ ವಿಶ್ವವಿದ್ಯಾನಿಲಯಕ್ಕೆ ಆದೇಶಿಸಬೇಕು ಎಂಬುದು ಇನ್ನೊಂದು. ರೀಡರ್ ಹುದ್ದೆಯ ವೇತನ ಶ್ರೇಣಿ ಆಗ 500 ರೂಪಾಯಿಯಿಂದ 800 ರೂಪಾಯಿ. ಅಂದಿನ ಲೆಕ್ಕಕ್ಕೆ ಅದೇನೂ ಸಣ್ಣ ಸಂಬಳವಲ್ಲ.

ವಾದದ ತಿರುಳು ಅಂಕಗಳಲ್ಲಿತ್ತು. ಗೌಡರಿಗೆ ಎಂ.ಎ.ಯಲ್ಲಿ ಬಂದಿದ್ದುದು ಶೇಕಡ 50.2. ದ್ವಿತೀಯ ದರ್ಜೆಯ ಹೊಸಿಲನ್ನು ಆಗಷ್ಟೇ ದಾಟಿದ ಈ ಅಂಕವನ್ನು ‘ಹೈ ಸೆಕೆಂಡ್ ಕ್ಲಾಸ್’ ಎಂದು ಕರೆಯುವುದು ಹೇಗೆ? ಹೈಕೋರ್ಟು ಇದನ್ನು ಒಪ್ಪಲಿಲ್ಲ. ಆಯ್ಕೆ ಮಂಡಳಿಯನ್ನು ಕಟುವಾಗಿ ಟೀಕಿಸಿ ನೇಮಕವನ್ನು ರದ್ದು ಮಾಡಿತು. ವಿಶ್ವವಿದ್ಯಾನಿಲಯ ಮೇಲ್ಮನವಿ ಹೋಯಿತು.

1963ರ ಆಗಸ್ಟ್ 26ರಂದು ಸುಪ್ರೀಂ ಕೋರ್ಟಿನ ಪರವಾಗಿ ತೀರ್ಪು ಬರೆದವರು ನ್ಯಾಯಮೂರ್ತಿ ಪಿ.ಬಿ. ಗಜೇಂದ್ರಗಡಕರ್. ಗೌಡರ ಬಳಿ ಇಂಗ್ಲೆಂಡಿನ ಡರ್ಹಾಮ್ ವಿಶ್ವವಿದ್ಯಾನಿಲಯದ ಎಂ.ಎ. ಪದವಿಯೂ ಇತ್ತು ಎಂಬುದನ್ನು ಅವರು ಎತ್ತಿ ಹೇಳಿದರು. ಜಾಹೀರಾತಿನಲ್ಲಿ ‘ಇಲ್ಲವೇ’ ಎಂಬ ಪದವಿದೆ. ವಿದೇಶೀ ಪದವಿ ತತ್ಸಮಾನ ಹೌದೋ ಅಲ್ಲವೋ ಎಂಬುದನ್ನು ಹೇಳಬೇಕಾದವರು ಆ ವಿಷಯ ಬಲ್ಲ ತಜ್ಞರು. ತಜ್ಞರಿಗೆ ದುರುದ್ದೇಶವಿತ್ತು ಎಂಬ ಆರೋಪ ಇಲ್ಲದಿರುವಾಗ ನ್ಯಾಯಾಲಯಗಳು ಅಂಥ ಅಭಿಪ್ರಾಯದಲ್ಲಿ ಕೈಹಾಕಲು ಹಿಂಜರಿಯಬೇಕು ಎಂದು ಆ ತೀರ್ಪು ಹೇಳಿತು. ಹೈಕೋರ್ಟಿನ ಆದೇಶ ಬಿದ್ದುಹೋಯಿತು.

ಈ ತೀರ್ಪನ್ನು ಆಮೇಲೆ ಉಲ್ಲೇಖಿಸದ ನೇಮಕಾತಿ ವ್ಯಾಜ್ಯವೇ ಅಪರೂಪ. ದೇಶದ ಯಾವ ಮೂಲೆಯಲ್ಲಿ ಅಧ್ಯಾಪಕರ ಆಯ್ಕೆ ಪ್ರಶ್ನೆಗೆ ಒಳಗಾದರೂ ವಿಶ್ವವಿದ್ಯಾನಿಲಯದ ಪರ ವಕೀಲರು ಮೊದಲು ತೆಗೆಯುವುದು ನಮ್ಮ ಮೈಸೂರಿನ ಈ ಹಳೆಯ ಪುಟವನ್ನೇ. ತಜ್ಞರ ಮಾತಿಗೆ ಮನ್ನಣೆ ಕೊಡಬೇಕೆನ್ನುವುದು ಸರಿಯಾದ ಮಾತೇ. ಆದರೆ ಅದು ಒಳ್ಳೆಯ ಮಂಡಳಿಗಳಿಗೆ ಕೊಟ್ಟ ರಕ್ಷೆಯನ್ನು ಕೆಟ್ಟ ಮಂಡಳಿಗಳಿಗೂ ಕೊಟ್ಟಿತು ಎಂಬುದನ್ನು ವಿಶ್ವವಿದ್ಯಾನಿಲಯಗಳ ಒಳಗನ್ನು ಬಲ್ಲವರು ಅಲ್ಲಗಳೆಯಲಾರರು.

ಮೈಸೂರಿನ ಪ್ರಕರಣದಲ್ಲಿ ಎದುರುಬದುರು ನಿಂತಿದ್ದವರು ಇಬ್ಬರೇ, ಆಯ್ಕೆಯಾದವರು ಮತ್ತು ಆಗದವರು. ಮೂರನೆಯವರೊಬ್ಬರಿದ್ದಾರೆ ಎಂದು ಸುಪ್ರೀಂ ಕೋರ್ಟು ಗಟ್ಟಿಯಾಗಿ ಹೇಳಿದ್ದು 1990ರಲ್ಲಿ, ಆಂಧ್ರ ಪ್ರದೇಶದ ವಿಜಯನಗರಂನ ಮೊಕದ್ದಮೆಯಲ್ಲಿ. ಅಲ್ಲಿ ಸಮಾಜ ಕಲ್ಯಾಣ ಇಲಾಖೆಯ ವಸತಿ ಶಾಲೆಗಳಿಗೆ ಶಿಕ್ಷಕರು ಬೇಕಾಗಿದ್ದರು. ದ್ವಿತೀಯ ದರ್ಜೆಯ ಸ್ನಾತಕೋತ್ತರ ಪದವಿ ಇರಬೇಕೆಂದು ಜಾಹೀರಾತು ಹೇಳಿತ್ತು. ತೃತೀಯ ದರ್ಜೆಯಲ್ಲಿ ಉತ್ತೀರ್ಣರಾಗಿದ್ದ ಒಬ್ಬ ಮಹಿಳೆ ಅರ್ಜಿ ಹಾಕಿದರು, ಆಯ್ಕೆಯೂ ಆದರು, ನೇಮಕಾತಿ ಪತ್ರವೂ ಕೈಗೆ ಬಂತು. ಕೆಲಸಕ್ಕೆ ಹಾಜರಾಗಲು ಹೋದಾಗ ಪ್ರಮಾಣ ಪತ್ರಗಳನ್ನು ನೋಡಿದ ಅಧಿಕಾರಿಗಳು ‘ನಿಮಗೆ ಅರ್ಹತೆಯಿಲ್ಲ’ ಎಂದು ವಾಪಸು ಕಳಿಸಿದರು. ಆಕೆಯ ಜಾಗದಲ್ಲಿ ನಿಂತು ನೋಡಿದರೆ ಅನ್ಯಾಯವೆನಿಸುವುದು ಸಹಜ. ತಪ್ಪು ಮಾಡಿದವರು ಆಯ್ಕೆ ಸಮಿತಿಯವರು, ಶಿಕ್ಷೆ ಆಕೆಗೆ!

ಆದರೆ ನ್ಯಾಯಾಲಯ ಬೇರೊಂದು ದಿಕ್ಕಿನಿಂದ ನೋಡಿತು. ಇದು ಕೆಲಸ ಕೊಟ್ಟವರು ಮತ್ತು ಪಡೆದವರ ನಡುವಣ ವಿಷಯ ಮಾತ್ರವಲ್ಲ ಎಂದಿತು. ಜಾಹೀರಾತನ್ನು ಓದಿ, ತಮಗೆ ದ್ವಿತೀಯ ದರ್ಜೆಯಿಲ್ಲವೆಂದು ಸುಮ್ಮನೆ ಕುಳಿತವರು ಎಷ್ಟೋ ಮಂದಿ ಇರುತ್ತಾರೆ. ಅವರಲ್ಲಿ ಈಕೆಗಿಂತ ಹೆಚ್ಚು ಅಂಕ ಪಡೆದವರೂ ಇರಬಹುದು. ಅರ್ಹತೆಯನ್ನು ಸಡಿಲಿಸುವುದಾಗಿ ಮೊದಲೇ ಹೇಳದೆ ಕಡಿಮೆ ಅರ್ಹತೆಯವರನ್ನು ತೆಗೆದುಕೊಂಡರೆ ಅದು ಸಾರ್ವಜನಿಕರಿಗೆ ಮಾಡಿದ ವಂಚನೆ. ಅರ್ಜಿಯನ್ನೇ ಹಾಕದವರ ಹಕ್ಕನ್ನು ನ್ಯಾಯಾಲಯವೊಂದು ಲೆಕ್ಕಕ್ಕೆ ತೆಗೆದುಕೊಂಡದ್ದು ದೊಡ್ಡ ಸಂಗತಿ. ಜಿಲ್ಲಾ ಕೇಂದ್ರಗಳ ಶಿಕ್ಷಣ ಇಲಾಖೆಯ ಕಚೇರಿಗಳೆದುರು, ಜೆರಾಕ್ಸ್ ಅಂಗಡಿಗಳ ಮುಂದೆ ಸಾಲು ನಿಂತವರನ್ನು ನಾವೆಲ್ಲ ಕಂಡಿದ್ದೇವೆ. ಆ ಸಾಲಿಗೆ ಬಾರದೆ ಮನೆಯಲ್ಲೇ ಉಳಿದವರು ಯಾರ ಕಣ್ಣಿಗೂ ಬೀಳುವುದಿಲ್ಲ.

ಇದೇ ಜಾಡಿನಲ್ಲಿ ಬಂದದ್ದು ದಿನಾಂಕದ ಪ್ರಶ್ನೆ. ಅರ್ಹತೆ ಯಾವ ದಿನಕ್ಕೆ ಇರಬೇಕು? ಅರ್ಜಿಯ ಕೊನೆಯ ದಿನಕ್ಕೋ, ಸಂದರ್ಶನದ ದಿನಕ್ಕೋ? ರಾಜಸ್ಥಾನ ವಿಶ್ವವಿದ್ಯಾನಿಲಯದ ಸಹಾಯಕ ಪ್ರಾಧ್ಯಾಪಕರ ನೇಮಕದಲ್ಲಿ ಈ ಪ್ರಶ್ನೆ ಎದ್ದಿತು. ಜಾಹೀರಾತಿನಲ್ಲಿ ಬೇರೆ ದಿನಾಂಕ ಹೇಳಿಲ್ಲವಾದರೆ ಅರ್ಜಿ ಸಲ್ಲಿಸುವ ಕೊನೆಯ ದಿನಕ್ಕೇ ಅರ್ಹತೆ ಇರಬೇಕು, ಇಲ್ಲದಿದ್ದರೆ ಮುಂದೆ ಎಂದೋ ಪಾಸಾಗುವ ಭರವಸೆಯಲ್ಲಿ ಯಾರು ಬೇಕಾದರೂ ಅರ್ಜಿ ಹಾಕಬಹುದಲ್ಲ ಎಂದು 1993ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿತು. ಇಲ್ಲೊಂದು ವಿಶೇಷವಿದೆ. ಆಯ್ಕೆ ಕಾನೂನುಬಾಹಿರ ಎಂದು ಹೇಳಿದ ಅದೇ ನ್ಯಾಯಾಲಯ ಆಯ್ಕೆಯಾದವರನ್ನು ಮನೆಗೆ ಕಳಿಸಲಿಲ್ಲ. ಅವರು 1985ರ ಫೆಬ್ರವರಿಯಿಂದ ಪಾಠ ಹೇಳುತ್ತಿದ್ದರು. ಮೊಕದ್ದಮೆ ತೀರುವಷ್ಟರಲ್ಲಿ ಹೆಚ್ಚುಕಡಿಮೆ ಎಂಟು ವರ್ಷ ಕಳೆದಿತ್ತು. ಇಷ್ಟು ತಡವಾಗಿ ಅವರನ್ನು ಕಿತ್ತೊಗೆಯುವುದು ನ್ಯಾಯವಲ್ಲ ಎಂದಾಯಿತು. ಗೆದ್ದವರಿಗೆ ತತ್ವ ಸಿಕ್ಕಿತು, ಸೋತವರಿಗೆ ಕೆಲಸ ಉಳಿಯಿತು. ನಮ್ಮ ನೇಮಕಾತಿ ವ್ಯಾಜ್ಯಗಳಲ್ಲಿ ಕಾಲವೇ ಎಷ್ಟೋ ಸಲ ಕೊನೆಯ ತೀರ್ಪುಗಾರ.

ಕಾಲೇಜು ಅಧ್ಯಾಪಕರ ವಿಷಯದಲ್ಲಿ ಗೊಂದಲವನ್ನು ತಗ್ಗಿಸಲು ವಿಶ್ವವಿದ್ಯಾನಿಲಯ ಧನಸಹಾಯ ಆಯೋಗ 1991ರ ನಿಯಮಾವಳಿಯಲ್ಲಿ ರಾಷ್ಟ್ರ ಮಟ್ಟದ ಅರ್ಹತಾ ಪರೀಕ್ಷೆ ತಂದಿತು. ಎನ್‌ಇಟಿ, ಎಸ್‌ಎಲ್‌ಇಟಿ ಎಂಬ ಅಕ್ಷರಗಳು ಎಂ.ಎ. ಓದಿದವರ ಬಾಯಲ್ಲಿ ಮಂತ್ರದಂತೆ ಆದದ್ದು ಆಗ. ದೆಹಲಿ ವಿಶ್ವವಿದ್ಯಾನಿಲಯದ ಪ್ರಕರಣದಲ್ಲಿ 1994ರಲ್ಲಿ ಈ ಪರೀಕ್ಷೆಯೂ, ಪಿಎಚ್.ಡಿ. ಮಾಡಿದವರಿಗೆ ವಿನಾಯಿತಿ ಯಾರಿಗಿದೆ ಯಾರಿಗಿಲ್ಲ ಎಂಬ ಪ್ರಶ್ನೆಯ ಮೇಲೆ 2015ರಲ್ಲಿ ಮತ್ತೊಮ್ಮೆ ಆಯೋಗದ ನಿಯಮಗಳೂ ಸುಪ್ರೀಂ ಕೋರ್ಟಿನ ಮುಂದೆ ಬಂದವು. ಅದನ್ನು ಇಲ್ಲಿ ಬೆಳೆಸುವುದು ಬೇಡ. ಈ ಕಥೆಯ ನಿಜವಾದ ಬಿಸಿ ಇರುವುದು ಕಾಲೇಜಿನಲ್ಲಲ್ಲ, ಒಂದನೇ ತರಗತಿಯ ಕೋಣೆಯಲ್ಲಿ.

ಒಂದನೇ ತರಗತಿಗೆ ಪಾಠ ಹೇಳಲು ಯಾರು ಬೇಕು? ನಮ್ಮಲ್ಲಿ ಹಿಂದಿನಿಂದಲೂ ಇದಕ್ಕೊಂದು ಪ್ರತ್ಯೇಕ ತರಬೇತಿ ಇದೆ. ಹಳೆಯ ಓದುಗರಿಗೆ ಟಿ.ಸಿ.ಎಚ್. ನೆನಪಿರುತ್ತದೆ. ಆಮೇಲೆ ಅದು ಡಿ.ಎಡ್. ಆಯಿತು, ಈಗ ಡಿ.ಎಲ್.ಎಡ್. ಪಿಯುಸಿ ಮುಗಿಸಿ ಎರಡು ವರ್ಷ ಕಲಿಯಬೇಕಾದ ತರಬೇತಿ ಅದು. ಐದಾರು ವರ್ಷದ ಮಗುವಿಗೆ ಅಕ್ಷರ ತಿದ್ದಿಸುವುದು ಹೇಗೆ, ಸಂಖ್ಯೆಯ ಕಲ್ಪನೆಯನ್ನು ಕಡ್ಡಿ, ಕಲ್ಲು, ಹುಣಿಸೆ ಬೀಜಗಳಿಂದ ಮೂಡಿಸುವುದು ಹೇಗೆ, ಅಳುವ ಮಗುವನ್ನು ಕೂರಿಸಿಕೊಳ್ಳುವುದು ಹೇಗೆ ಎಂಬುದು ಅದರ ಜೀವಾಳ. ಬಿ.ಎಡ್. ಬೇರೆ. ಪದವಿ ಮುಗಿಸಿದವರು ಪ್ರೌಢಶಾಲೆಯ ಮಕ್ಕಳಿಗೆ ಗಣಿತ, ವಿಜ್ಞಾನ, ಭಾಷೆಗಳನ್ನು ಕಲಿಸಲು ಪಡೆಯುವ ತರಬೇತಿ ಅದು. ಜನರ ಲೆಕ್ಕದಲ್ಲಿ ಮಾತ್ರ ಬಿ.ಎಡ್. ಮೇಲು, ಟಿ.ಸಿ.ಎಚ್. ಕೆಳಗು. ಮದುವೆಯ ಮಾತುಕತೆಯಲ್ಲೂ ಹೈಸ್ಕೂಲು ಮೇಷ್ಟ್ರಿಗೂ ಪ್ರೈಮರಿ ಮೇಷ್ಟ್ರಿಗೂ ಇದ್ದ ಅಂತರ ಯಾರಿಗೆ ಗೊತ್ತಿಲ್ಲ?

‘ಮೇಲಿನದು ಓದಿದವನಿಗೆ ಕೆಳಗಿನದು ಬರುವುದಿಲ್ಲವೇ’ ಎಂಬ ಈ ಸಾಮಾನ್ಯ ತರ್ಕವೇ ಕೇರಳದಲ್ಲಿ ವ್ಯಾಜ್ಯವಾಯಿತು. ಅಲ್ಲಿ ಪ್ರಾಥಮಿಕ ಶಾಲೆಗಳ ಹುದ್ದೆಗೆ ಟಿ.ಟಿ.ಸಿ. ಎಂಬ ತರಬೇತಿಯನ್ನು ಕೇಳಿದ್ದರು. ಬಿ.ಎಡ್. ಮಾಡಿದವರೂ ಅರ್ಜಿ ಹಾಕಿ ರ‍್ಯಾಂಕ್ ಪಟ್ಟಿಯಲ್ಲಿ ಸ್ಥಾನ ಪಡೆದರು. ಟಿ.ಟಿ.ಸಿ. ಮಾಡಿದವರು ಕೋರ್ಟಿಗೆ ಹೋದರು. ಹೈಕೋರ್ಟಿನ ಏಕಸದಸ್ಯ ಪೀಠ ಅವರ ಪರ, ವಿಭಾಗೀಯ ಪೀಠ ಬಿ.ಎಡ್.ನವರ ಪರ. 2003ರಲ್ಲಿ ಸುಪ್ರೀಂ ಕೋರ್ಟು ಇದನ್ನು ಬಗೆಹರಿಸಿತು. ಬಿ.ಎಡ್. ಎಂಬುದು ಟಿ.ಟಿ.ಸಿ.ಗಿಂತ ಎತ್ತರದ ಮೆಟ್ಟಿಲಲ್ಲ, ಬೇರೆಯೇ ದಾರಿ ಎಂಬುದು ಅದರ ನಿಲುವು. ಚಿಕ್ಕ ಮಕ್ಕಳಿಗೆ ಕಲಿಸಲು ಬೇಕಾದ ಮನೋಧರ್ಮವನ್ನೂ ಕೌಶಲವನ್ನೂ ರೂಪಿಸುವ ತರಬೇತಿಯೇ ಬೇರೆ. ಆಯ್ಕೆಯಾಗಿಬಿಟ್ಟವರ ಮೇಲೆ ಕರುಣೆ ತೋರಬೇಕೆಂಬ ವಾದವನ್ನೂ ನ್ಯಾಯಾಲಯ ಒಪ್ಪಲಿಲ್ಲ. ಅನುಕಂಪ ನಿಯಮವನ್ನು ಮೀರಲಾರದು ಎಂದಿತು.

ಅದೇ ಹೊತ್ತಿಗೆ ದೆಹಲಿಯ ಪಾಲಿಕೆ ಶಾಲೆಗಳ ಪ್ರಕರಣವೂ ತೀರ್ಮಾನವಾಯಿತು. ಅಲ್ಲಿ ತರಬೇತಿ ಪಡೆದ ಪ್ರಾಥಮಿಕ ಶಿಕ್ಷಕರು ಸಾಕಷ್ಟು ಸಿಗದೆ ಹಿಂದಿನ ವರ್ಷಗಳಲ್ಲಿ ಬಿ.ಎಡ್.ನವರನ್ನು ತೆಗೆದುಕೊಂಡಿದ್ದರು. ‘ಹಿಂದೆ ತೆಗೆದುಕೊಂಡಿದ್ದೀರಿ, ಈಗೇಕೆ ಬೇಡ’ ಎಂಬುದು ಅಭ್ಯರ್ಥಿಗಳ ಪ್ರಶ್ನೆ. ಹಿಂದೆ ನಿಯಮ ತಪ್ಪಿದ್ದು ಈಗಲೂ ತಪ್ಪಲು ಪರವಾನಗಿಯಲ್ಲ ಎಂಬುದು ಉತ್ತರ. 2005ರಲ್ಲಿ ಪಶ್ಚಿಮ ಬಂಗಾಳದ ಮೊಕದ್ದಮೆಯಲ್ಲಂತೂ ಎರಡೂ ತರಬೇತಿಗಳ ಪಠ್ಯಕ್ರಮವನ್ನೇ ಪಕ್ಕಪಕ್ಕ ಇಟ್ಟು ನೋಡಲಾಯಿತು. ಮಕ್ಕಳ ಮನಶ್ಶಾಸ್ತ್ರಕ್ಕೆ ಒಂದರಲ್ಲಿರುವ ಸ್ಥಾನ ಇನ್ನೊಂದರಲ್ಲಿಲ್ಲ ಎಂಬುದು ತೀರ್ಪಿನ ಆಧಾರವಾಯಿತು. ಕೊನೆಗೂ ಮಗು ನ್ಯಾಯಾಲಯದೊಳಗೆ ಕಾಲಿಟ್ಟಿತು ಎನ್ನಬಹುದು. ಪ್ರಾಥಮಿಕ ಶಾಲೆಯ ಮೇಷ್ಟ್ರ ಕಸುಬು ಒಂದು ಪೂರ್ಣ ಕಸುಬು, ಹೈಸ್ಕೂಲು ಮೇಷ್ಟ್ರ ಕಸುಬಿನ ಅರೆಪಾಲಲ್ಲ ಎಂದು ಈ ದೇಶದಲ್ಲಿ ಮೊದಲು ಸ್ಪಷ್ಟವಾಗಿ ಹೇಳಿದವರಲ್ಲಿ ನ್ಯಾಯಾಧೀಶರೂ ಇದ್ದರು ಎಂಬುದನ್ನು ಮರೆಯಬಾರದು. ಶಿಕ್ಷಣ ತಜ್ಞರು ಅದನ್ನು ಹೇಳುತ್ತ ಬಂದಿದ್ದರು, ಕೇಳಿದವರು ಕಡಿಮೆ.

ಅರ್ಹತೆಯೆಂದರೆ ಪದವಿ, ತರಬೇತಿಗಳಷ್ಟೇ ಅಲ್ಲ. ಹುಟ್ಟಿದ ಊರು, ಆಡುವ ಭಾಷೆ ಇವೂ ಅರ್ಹತೆಯಾಗಬಹುದೇ? ರಾಜಸ್ಥಾನ ಸರಕಾರ ಪ್ರಾಥಮಿಕ ಶಿಕ್ಷಕರ ನೇಮಕದಲ್ಲಿ ಆಯಾ ಜಿಲ್ಲೆಯವರಿಗೆ, ಹಳ್ಳಿಯವರಿಗೆ ಹೆಚ್ಚುವರಿ ಅಂಕ ಕೊಡುತ್ತಿತ್ತು. ಪೇಟೆಯವರು ಹಳ್ಳಿಯಲ್ಲಿ ನಿಲ್ಲುವುದಿಲ್ಲ, ಹಳ್ಳಿಯ ಮಕ್ಕಳ ಮಾತು ಅವರಿಗೆ ತಿಳಿಯುವುದಿಲ್ಲ ಎಂಬುದು ಅದರ ಸಮರ್ಥನೆ. ವಾಸಸ್ಥಳದ ಆಧಾರದ ಮೇಲೆ ಭೇದ ಮಾಡಲು ಸಂವಿಧಾನ ಬಿಡುವುದಿಲ್ಲವೆಂದು 2002ರಲ್ಲಿ ಸುಪ್ರೀಂ ಕೋರ್ಟು ಅದನ್ನು ತಳ್ಳಿಹಾಕಿತು.

ಇದಕ್ಕಿಂತ ಕಠಿಣವಾದ ಪ್ರಶ್ನೆ ಆಂಧ್ರದ ಬುಡಕಟ್ಟು ಪ್ರದೇಶಗಳಿಂದ ಬಂತು. ಅಲ್ಲಿಯ ಕಾಡಿನ ಹಾಡಿಗಳ ಶಾಲೆಗಳಿಗೆ ಬಯಲಿನಿಂದ ನೇಮಕಗೊಂಡ ಮೇಷ್ಟ್ರುಗಳು ಹೋಗುತ್ತಿರಲಿಲ್ಲ, ಹೋದರೂ ಉಳಿಯುತ್ತಿರಲಿಲ್ಲ. 1986ರಲ್ಲಿ ಒಮ್ಮೆ, 2000ದ ಜನವರಿ 10ರಂದು ಮತ್ತೊಮ್ಮೆ ಸರಕಾರ ಆದೇಶ ಹೊರಡಿಸಿತು. ಅನುಸೂಚಿತ ಪ್ರದೇಶದ ಶಾಲೆಗಳ ಶಿಕ್ಷಕ ಹುದ್ದೆಗಳೆಲ್ಲ, ನೂರಕ್ಕೆ ನೂರು, ಸ್ಥಳೀಯ ಪರಿಶಿಷ್ಟ ಪಂಗಡದವರಿಗೇ ಮೀಸಲು. ಅವರಲ್ಲೂ ಮೂರನೇ ಒಂದು ಭಾಗ ಮಹಿಳೆಯರಿಗೆ. ‘ಸ್ಥಳೀಯ’ ಎಂದರೆ 1950ರ ಜನವರಿ 26ರಿಂದ ಕುಟುಂಬ ಅಲ್ಲಿಯೇ ನೆಲೆಸಿರಬೇಕು. ಆಂಧ್ರ ಹೈಕೋರ್ಟಿನ ಪೂರ್ಣಪೀಠ ಬಹುಮತದಿಂದ ಇದನ್ನು ಎತ್ತಿಹಿಡಿಯಿತು. ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ತೀರ್ಪು ಕೊಟ್ಟದ್ದು 2020ರ ಏಪ್ರಿಲ್ 22ರಂದು. ಆ ವೇಳೆಗೆ ಆದೇಶ ಹುಟ್ಟಿ ಇಪ್ಪತ್ತು ವರ್ಷವಾಗಿತ್ತು, ರಾಜ್ಯವೇ ಎರಡಾಗಿತ್ತು. ನೂರಕ್ಕೆ ನೂರು ಮೀಸಲಾತಿ ಸಲ್ಲದು, ಬುಡಕಟ್ಟಿನವರಿಗೆ ಬುಡಕಟ್ಟಿನವರೇ ಪಾಠ ಹೇಳಬೇಕೆಂಬ ಕಲ್ಪನೆಯೇ ಸರಿಯಲ್ಲ ಎಂದು ಪೀಠ ಕಠಿಣವಾಗಿ ನುಡಿಯಿತು. ಕೆಲಸದಲ್ಲಿದ್ದವರನ್ನು ಮಾತ್ರ ಉಳಿಸಿತು. ಆಂಧ್ರ ಮತ್ತು ತೆಲಂಗಾಣ ಸರಕಾರಗಳ ಮೇಲೆ ಐದು ಲಕ್ಷ ರೂಪಾಯಿಗಳ ಖರ್ಚು ಹೇರಿತು.

ಸಂವಿಧಾನದ ಅಕ್ಷರವನ್ನು ಹಿಡಿದು ನೋಡಿದರೆ ತೀರ್ಪಿನ ವಾದಸರಣಿಗೆ ಉತ್ತರ ಹೇಳುವುದು ಕಷ್ಟ. ಮತ್ತೊಂದು ಪಂಗಡದ, ಪಕ್ಕದ ಹಳ್ಳಿಯ ಬಡವನಿಗೆ ಒಂದು ಹುದ್ದೆಯೂ ಇಲ್ಲವೆಂದರೆ ಅದು ಸಮಾನತೆ ಹೇಗಾದೀತು? ಆದರೆ ಕೋಯ ಭಾಷೆಯನ್ನೋ ಗೊಂಡಿಯನ್ನೋ ಮನೆಯಲ್ಲಾಡುವ ಮಗು ಶಾಲೆಯ ಮೊದಲ ದಿನ ತೆಲುಗು ಮಾತ್ರ ಬಲ್ಲ ಮೇಷ್ಟ್ರ ಎದುರು ಕುಳಿತಾಗ ಏನಾಗುತ್ತದೆ ಎಂಬುದು ಮೀಸಲಾತಿಯ ಶೇಕಡಾವಾರಿನಲ್ಲಿ ತೀರುವ ಪ್ರಶ್ನೆಯಲ್ಲ. ಮಗುವಿನ ಮಾತು ಬರುವುದನ್ನೇ ಒಂದು ಅರ್ಹತೆಯನ್ನಾಗಿ ಮಾಡಿ, ಯಾವ ಜಾತಿಯವರಾದರೂ ಅದನ್ನು ಕಲಿತು ಬರಲಿ ಎಂದಿದ್ದರೆ ದಾರಿ ಬೇರೆಯಾಗುತ್ತಿತ್ತೋ ಏನೋ. ಬೀದರಿನಿಂದ ಚಾಮರಾಜನಗರದ ಕಾಡಂಚಿನವರೆಗೆ ಮನೆಮಾತು ಬೇರೆ, ಶಾಲೆಯ ಮಾತು ಬೇರೆ ಇರುವ ಮಕ್ಕಳು ನಮ್ಮಲ್ಲೂ ಇದ್ದಾರೆ.

ಶಿಕ್ಷಣ ಹಕ್ಕಿನ ಕಾನೂನು 2010ರ ಏಪ್ರಿಲ್ 1ರಿಂದ ಜಾರಿಗೆ ಬಂದ ಮೇಲೆ ಈ ವ್ಯಾಜ್ಯಗಳ ಸ್ವರೂಪವೇ ಬದಲಾಯಿತು. ಅಲ್ಲಿಯವರೆಗೆ ಕನಿಷ್ಠ ಅರ್ಹತೆಯನ್ನು ಬಹುಮಟ್ಟಿಗೆ ಆಯಾ ರಾಜ್ಯ ತನ್ನ ವೃಂದ ಮತ್ತು ನೇಮಕಾತಿ ನಿಯಮಗಳಲ್ಲಿ ಬರೆದುಕೊಳ್ಳುತ್ತಿತ್ತು. ಈಗ ಅದನ್ನು ಗೊತ್ತುಪಡಿಸುವ ಅಧಿಕಾರ ರಾಷ್ಟ್ರೀಯ ಶಿಕ್ಷಕರ ಶಿಕ್ಷಣ ಪರಿಷತ್ತಿಗೆ ಬಂತು. ಆ ವರ್ಷದ ಆಗಸ್ಟ್ 23ರ ಅಧಿಸೂಚನೆಯಲ್ಲಿ ಪರಿಷತ್ತು ಒಂದರಿಂದ ಐದನೇ ತರಗತಿಗೆ ಒಂದು ಬಗೆಯ, ಆರರಿಂದ ಎಂಟಕ್ಕೆ ಇನ್ನೊಂದು ಬಗೆಯ ಅರ್ಹತೆಯನ್ನು ನಿಗದಿಮಾಡಿ, ಎರಡಕ್ಕೂ ಶಿಕ್ಷಕರ ಅರ್ಹತಾ ಪರೀಕ್ಷೆಯನ್ನು, ಎಲ್ಲರ ಬಾಯಲ್ಲಿರುವ ಟಿಇಟಿಯನ್ನು, ಕಡ್ಡಾಯ ಮಾಡಿತು. ಕರ್ನಾಟಕವೂ ಆರರಿಂದ ಎಂಟನೇ ತರಗತಿಗಳಿಗೆ ಪದವೀಧರ ಶಿಕ್ಷಕರ ಪ್ರತ್ಯೇಕ ವೃಂದ ಮಾಡಿಕೊಂಡಿತು. ಒಂದರಿಂದ ಏಳನೇ ತರಗತಿಗೆಂದು ನೇಮಕಗೊಂಡು, ಆಮೇಲೆ ಕಷ್ಟಪಟ್ಟು ಪದವಿ ಪಡೆದು, ವರ್ಷಗಟ್ಟಲೆ ಏಳನೇ ತರಗತಿಗೆ ಪಾಠ ಹೇಳಿದವರು ‘ನೀವಿನ್ನು ಒಂದರಿಂದ ಐದಕ್ಕೆ’ ಎಂಬ ಕಾಗದ ನೋಡಿ ಕಂಗಾಲಾದರು. ಅವರ ಅಳಲು ಇನ್ನೊಂದು ದೊಡ್ಡ ಅಧ್ಯಾಯ.

ನಮ್ಮಲ್ಲೇ 2022ರಲ್ಲಿ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಕ್ಕೆ ಸರಕಾರ ಮುಂದಾದಾಗ ಯಾರೂ ನಿರೀಕ್ಷಿಸದ ಕಡೆಯಿಂದ ವ್ಯಾಜ್ಯ ಬಂತು. ಹಿಂದುಳಿದ ವರ್ಗದ ಮದುವೆಯಾದ ಹೆಣ್ಣುಮಗಳೊಬ್ಬಳು ಜಾತಿ ಮತ್ತು ಆದಾಯದ ಪ್ರಮಾಣ ಪತ್ರವನ್ನು ತಂದೆಯ ಹೆಸರಿನಲ್ಲಿ ಕೊಡಬೇಕೋ, ಗಂಡನ ಹೆಸರಿನಲ್ಲೋ? ತಂದೆಯದನ್ನು ಕೊಟ್ಟವರನ್ನು ಇಲಾಖೆ ಸಾಮಾನ್ಯ ವರ್ಗಕ್ಕೆ ತಳ್ಳಿತು. ಮೆರಿಟ್ ಪಟ್ಟಿಯಿಂದ ಎಷ್ಟೋ ಹೆಸರುಗಳು ಜಾರಿಹೋದವು. 2023ರ ಜನವರಿಯಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ಈ ಮಹಿಳೆಯರ ವಾದವನ್ನು ಪುರಸ್ಕರಿಸಿತು. ಪಟ್ಟಿ ಬದಲಾದಾಗ ಮೊದಲ ಪಟ್ಟಿಯಲ್ಲಿದ್ದವರು ಹೊರಬಿದ್ದು ಮೇಲ್ಮನವಿ ಹೋದರು. ವಿಭಾಗೀಯ ಪೀಠದಿಂದ ನೇಮಕಾತಿಗೆ ದಾರಿ ತೆರೆದದ್ದು ಆ ವರ್ಷದ ಅಕ್ಟೋಬರಿನಲ್ಲಿ. ಅಷ್ಟರಲ್ಲಿ ಶಾಲಾ ವರ್ಷದ ಮೊದಲ ಅರ್ಧ ಕಳೆದಿತ್ತು. ಆರನೇ ತರಗತಿಯ ಗಣಿತ, ಏಳನೇ ತರಗತಿಯ ವಿಜ್ಞಾನ ಆ ತಿಂಗಳುಗಳಲ್ಲಿ ಯಾರ ಕೈಯಲ್ಲಿದ್ದವೋ.

ಈ ನಡುವೆ ಕೇಂದ್ರದಲ್ಲಿ ಬೇರೊಂದು ಕೆಲಸ ನಡೆದಿತ್ತು. 2018ರ ಜೂನ್ 28ರಂದು ಪರಿಷತ್ತು ಹೊಸ ಅಧಿಸೂಚನೆ ಹೊರಡಿಸಿ ಬಿ.ಎಡ್. ಆದವರೂ ಒಂದರಿಂದ ಐದನೇ ತರಗತಿಗೆ ಅರ್ಹರು ಎಂದಿತು. ಷರತ್ತು ಒಂದೇ, ಕೆಲಸಕ್ಕೆ ಸೇರಿದ ಎರಡು ವರ್ಷದೊಳಗೆ ಆರು ತಿಂಗಳ ಸೇತು ಕೋರ್ಸು ಮಾಡಬೇಕು. ಕೇರಳದ ತೀರ್ಪು ಹದಿನೈದು ವರ್ಷದ ಹಿಂದೆ ಮುಚ್ಚಿದ್ದ ಬಾಗಿಲನ್ನು ಒಂದು ಕಾಗದ ತೆರೆದುಬಿಟ್ಟಿತು. ರಾಜಸ್ಥಾನ ಸರಕಾರ ಮಾತ್ರ ಇದಕ್ಕೆ ಸೊಪ್ಪು ಹಾಕದೆ ಬಿ.ಎಡ್.ನವರನ್ನು ಹೊರಗಿಟ್ಟೇ ಜಾಹೀರಾತು ಕೊಟ್ಟಿತು. ವ್ಯಾಜ್ಯ ಹೈಕೋರ್ಟಿಗೆ ಹೋಗಿ, 2021ರ ನವೆಂಬರಿನಲ್ಲಿ ಅಧಿಸೂಚನೆಯೇ ರದ್ದಾಯಿತು.

ಸುಪ್ರೀಂ ಕೋರ್ಟಿನಲ್ಲಿ ಇದನ್ನು ಕೇಳಿದವರು ನ್ಯಾಯಮೂರ್ತಿಗಳಾದ ಅನಿರುದ್ಧ ಬೋಸ್ ಮತ್ತು ಸುಧಾಂಶು ಧುಲಿಯಾ. 2023ರ ಆಗಸ್ಟ್ 11ರ ಅವರ ತೀರ್ಪು ಹಳೆಯ ತೀರ್ಪುಗಳಿಗಿಂತ ಒಂದು ಹೆಜ್ಜೆ ಮುಂದೆ ಹೋಯಿತು. ಕೇರಳದ ಪ್ರಕರಣದಲ್ಲಿ ಜಾಹೀರಾತು ಏನು ಹೇಳಿದೆ ಎಂಬುದು ಮುಖ್ಯವಾಗಿತ್ತು. ಇಲ್ಲಿ ಸಂವಿಧಾನ ಮಗುವಿಗೆ ಕೊಟ್ಟಿರುವ ಶಿಕ್ಷಣದ ಹಕ್ಕು ಮುಖ್ಯವಾಯಿತು. ಉಚಿತ ಮತ್ತು ಕಡ್ಡಾಯ ಶಿಕ್ಷಣವೆಂದರೆ ಗುಣಮಟ್ಟದ ಶಿಕ್ಷಣವೂ ಹೌದು, ಹಾಗಾದರೆ ಆ ಮಗುವಿಗೆ ಕಲಿಸಲು ತರಬೇತಿ ಪಡೆದ ಮೇಷ್ಟ್ರು ಸಿಗುವುದೂ ಅದರ ಹಕ್ಕೇ ಎಂಬುದು ತರ್ಕ. ಸೇತು ಕೋರ್ಸು ಬೇಕೆಂದು ನೀವೇ ಹೇಳುತ್ತೀರಿ ಎಂದರೆ ಇವರು ಪ್ರಾಥಮಿಕ ತರಗತಿಗೆ ಸಿದ್ಧರಾಗಿಲ್ಲ ಎಂದು ನೀವೇ ಒಪ್ಪಿದಂತಲ್ಲವೇ ಎಂಬ ಮಾತೂ ಅಲ್ಲಿತ್ತು. ಪರಿಷತ್ತು ಸ್ವತಂತ್ರವಾಗಿ ಯೋಚಿಸದೆ ಕೇಂದ್ರ ಸರಕಾರದ ನಿರ್ದೇಶನಕ್ಕೆ ತಲೆಬಾಗಿದ್ದನ್ನೂ ನ್ಯಾಯಾಲಯ ಗುರುತಿಸಿತು. ಮೈಸೂರಿನ ಪ್ರಕರಣದಲ್ಲಿ ತಜ್ಞರ ಮಾತಿಗೆ ಕೈಮುಗಿದಿದ್ದ ನ್ಯಾಯಾಲಯ ಇಲ್ಲಿ ತಜ್ಞ ಸಂಸ್ಥೆಯ ನಿರ್ಧಾರವನ್ನೇ ಕಿತ್ತುಹಾಕಿತು. ತಜ್ಞರು ತಜ್ಞರಾಗಿ ಉಳಿದಾಗ ಮಾತ್ರ ಆ ಮನ್ನಣೆ.

ತತ್ವ ಗೆದ್ದಿತು. ಆದರೆ ಐದು ವರ್ಷ ಅಧಿಸೂಚನೆಯನ್ನು ನಂಬಿ ಕೆಲಸಕ್ಕೆ ಸೇರಿದವರ ಗತಿ? 2024ರ ಏಪ್ರಿಲ್ 8ರಂದು ಸ್ಪಷ್ಟೀಕರಣ ಬಂತು: ಜಾಹೀರಾತಿನಲ್ಲಿ ಬಿ.ಎಡ್. ಅರ್ಹತೆಯೆಂದು ಇದ್ದು, 2023ರ ಆಗಸ್ಟ್ 11ಕ್ಕೆ ಮುಂಚೆ ಯಾವ ಷರತ್ತೂ ಇಲ್ಲದೆ ನೇಮಕಗೊಂಡವರು ಉಳಿಯುತ್ತಾರೆ. ಒಂದು ದಿನ ತಡವಾದವರು ಹೋಗುತ್ತಾರೆ. ಛತ್ತೀಸಗಡದಲ್ಲಿ ಇದರ ಬಿಸಿ ಜೋರಾಗಿ ತಟ್ಟಿತು. ಅಲ್ಲಿ 2023ರ ಮೇ ತಿಂಗಳಲ್ಲಿ ಜಾಹೀರಾತು ಬಂದಿತ್ತು. ಬಿ.ಎಡ್. ಮಾಡಿದವರು ಪರೀಕ್ಷೆ ಬರೆದು, ಆಯ್ಕೆಯಾಗಿ, ದೂರದ ಹಳ್ಳಿಗಳ ಶಾಲೆ ಸೇರಿಕೊಂಡಿದ್ದರು. ಹೈಕೋರ್ಟು 2024ರ ಏಪ್ರಿಲಿನಲ್ಲಿ ಅವರ ನೇಮಕವನ್ನು ರದ್ದು ಮಾಡಿತು, ಆಗಸ್ಟಿನಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಕೆಲಸ ಕಳೆದುಕೊಂಡವರು ರಾಯಪುರದಲ್ಲಿ ತಿಂಗಳುಗಟ್ಟಲೆ ಧರಣಿ ಕೂತರು. ಕೊನೆಗೆ 2025ರ ಏಪ್ರಿಲಿನಲ್ಲಿ ರಾಜ್ಯ ಸಂಪುಟ ಇವರಲ್ಲಿ 2,600ಕ್ಕೂ ಹೆಚ್ಚು ಮಂದಿಯನ್ನು ವಿಜ್ಞಾನ ಪ್ರಯೋಗಶಾಲೆಯ ಸಹಾಯಕ ಶಿಕ್ಷಕರ ಹುದ್ದೆಗಳಿಗೆ ಹೊಂದಿಸಿಕೊಳ್ಳಲು ತೀರ್ಮಾನಿಸಿತು. ನಿಯಮ ಬರೆದವರು ದೆಹಲಿಯಲ್ಲಿ, ಜಾಹೀರಾತು ಕೊಟ್ಟವರು ರಾಯಪುರದಲ್ಲಿ, ಕೆಲಸ ಹೋಗಿದ್ದು ಮಾತ್ರ ಜಾಹೀರಾತನ್ನು ನಂಬಿದವರದು.

ಕೊನೆಯದಾಗಿ, ಈ ಸಾಲಿನ ಇತ್ತೀಚಿನ ದೊಡ್ಡ ತೀರ್ಪು. ಮಹಾರಾಷ್ಟ್ರ ಮತ್ತು ತಮಿಳುನಾಡುಗಳಿಂದ ಬಂದ ಮೇಲ್ಮನವಿಗಳಲ್ಲಿ 2025ರ ಸೆಪ್ಟೆಂಬರ್ 1ರಂದು ನ್ಯಾಯಮೂರ್ತಿಗಳಾದ ದೀಪಂಕರ್ ದತ್ತ ಮತ್ತು ಮನಮೋಹನ್ ಅವರ ಪೀಠ, ಶಿಕ್ಷಣ ಹಕ್ಕಿನ ಕಾನೂನು ಬರುವ ಮುಂಚೆಯೇ ಕೆಲಸಕ್ಕೆ ಸೇರಿದವರಿಗೂ ಟಿಇಟಿ ತಪ್ಪದು ಎಂದು ಹೇಳಿತು. ನಿವೃತ್ತಿಗೆ ಐದು ವರ್ಷಕ್ಕಿಂತ ಕಡಿಮೆ ಉಳಿದವರು ಪರೀಕ್ಷೆಯಿಲ್ಲದೆ ಮುಂದುವರಿಯಬಹುದು, ಆದರೆ ಬಡ್ತಿ ಸಿಗದು. ಉಳಿದವರು ಎರಡು ವರ್ಷದೊಳಗೆ ಪಾಸಾಗಬೇಕು, ಇಲ್ಲವಾದರೆ ನಿವೃತ್ತಿ ಸೌಲಭ್ಯ ಪಡೆದು ಮನೆಗೆ ಹೋಗಬೇಕು. ಅಲ್ಪಸಂಖ್ಯಾತರ ಸಂಸ್ಥೆಗಳ ಪ್ರಶ್ನೆಯನ್ನು ದೊಡ್ಡ ಪೀಠಕ್ಕೆ ಒಪ್ಪಿಸಲಾಯಿತು. ಉತ್ತರ ಪ್ರದೇಶ, ತಮಿಳುನಾಡು ಸರಕಾರಗಳು ಮರುಪರಿಶೀಲನೆ ಕೋರಿದವು. ಇಪ್ಪತ್ತೈದು ವರ್ಷ ಮಕ್ಕಳ ಕೈಗೆ ಬಳಪ ಕೊಟ್ಟು ಅಕ್ಷರ ತಿದ್ದಿಸಿದ, ಐವತ್ತು ದಾಟಿದ ಮೇಷ್ಟ್ರು, ಟೀಚರಮ್ಮಂದಿರು ಮಗನದೋ ಮಗಳದೋ ಗೈಡು ಪುಸ್ತಕ ಎದುರಿಟ್ಟುಕೊಂಡು ರಾತ್ರಿ ಓದತೊಡಗಿದರು. ಅದರಲ್ಲಿ ಮಕ್ಕಳ ಮನಶ್ಶಾಸ್ತ್ರದ ಮೇಲೆ ಮೂವತ್ತು ಪ್ರಶ್ನೆಗಳಿರುತ್ತವೆ.